ಜೋಡಿಸಿದವಳು ಕರ್ತೃವಲ್ಲವೇ?

ಹೂವು ತೋಟದ್ದು, ನಾರು ಬಾಳೆಯದು. ಹೀಗಿರುವಲ್ಲಿ ಮಾಲೆಯು ಹೂವಾಡಗಿತ್ತಿಯದು ಹೇಗಾದೀತೆಂದು ಯಾವನಾದರೊಬ್ಬನು ವಾದಿಸಿದರೆ ಸಂತೆಯಲ್ಲಿರುವವರೆಲ್ಲರೂ ನಕ್ಕಾರು. ಆದರೆ ಈ ವಾದವೇ ಅಧಿಕಾರವುಳ್ಳವರ ಬಾಯಿಂದ ಗಂಭೀರವಾದ ಧ್ವನಿಯಲ್ಲಿ ಹೊರಟರೆ ಯಾರೂ ನಗುವುದಿಲ್ಲ. ಅದು ನ್ಯಾಯವೆಂದೇ ಎಣಿಸಲ್ಪಡುವುದು. ಚಲಚ್ಚಿತ್ರಗಳ ಚರಿತ್ರೆಯಲ್ಲಿ ಇಂತಹ ಪ್ರಸಂಗವೊಂದು 1927ನೆಯ ಇಸವಿಯಲ್ಲಿ ರಷ್ಯಾ ದೇಶದಲ್ಲಿ ನಡೆಯಿತು. ಅದರ ತೀರ್ಪು ಅಂದಿನ ಅಧಿಕಾರಿಗಳಿಗೆ ಬಿಟ್ಟ ವಿಷಯವಾಗಿದ್ದರೆ ಇಂದು ಅದನ್ನೆತ್ತಬೇಕಾದ ಅಗತ್ಯವಿರಲಿಲ್ಲ. ಆದರೆ ಅಂದಿನ ತಪ್ಪು ತಿಳಿವಳಿಕೆಯು ಇಂದಿಗೂ ಸುಶಿಕ್ಷಿತರ ಮನೆಗಳಲ್ಲಿಯೇ ನೆಲಸಿರುವುದರಿಂದ ಅದನ್ನು ಪರೀಕ್ಷಿಸುವುದು ಯುಕ್ತವಾಗಿದೆ.

ಪ್ರಸಂಗವಿಷ್ಟು. ಆ ವರ್ಷದ ಮಾರ್ಚಿ ತಿಂಗಳಿನಲ್ಲಿ, ಚಕ್ರವರ್ತಿಯ ಪ್ರಭುತ್ವವು ಉರುಳಿದ ಹತ್ತನೆಯ ವರ್ಷದ ನೆನಪಿಗಾಗಿ, "ರೊಮಾನೊವ್ ವಂಶದ ಪತನ"ವೆಂಬ ಸಾಕ್ಷ್ಯಚಿತ್ರವೊಂದು ಹೊರಬಿದ್ದಿತು. ಅದರಲ್ಲಿ ನಟರಿಲ್ಲ, ಕಟ್ಟುಕಥೆಯಿಲ್ಲ. ಅದರಲ್ಲಿನ ಚಿತ್ರಗಳೆಲ್ಲವೂ ಹಿಂದೆ ಬೇರೆಬೇರೆ ಕ್ಯಾಮರಾದವರು ಬೇರೆಬೇರೆ ಸಂದರ್ಭಗಳಲ್ಲಿ ಹಿಡಿದ ವಾರ್ತಾಚಿತ್ರಗಳು. ಅವನ್ನು ಹುಡುಕಿ ತಂದು, ಆರಿಸಿ, ಕತ್ತರಿಸಿ, ಜೋಡಿಸಿ, ನಡುನಡುವೆ ಕಿರುಬರಹಗಳನ್ನು ಇಟ್ಟವಳು ಎಸ್ಫಿರ್ ಶುಬ್ ಎಂಬ ಮಹಿಳೆ. ಚಿತ್ರವು ಮೆಚ್ಚುಗೆಯನ್ನು ಪಡೆಯಿತು. ಆದರೆ ಸೋವ್‌ಕಿನೋ ಎಂಬ ಸರಕಾರೀ ಚಿತ್ರಸಂಸ್ಥೆಯು ಆಕೆಗೆ ಕರ್ತೃವಿನ ಹಕ್ಕನ್ನು ಒಪ್ಪಲಿಲ್ಲ. ಅನ್ಯರು ಹಿಡಿದ ತುಂಡುಗಳನ್ನು ಅಂಟಿಸಿದವಳಿಗೆ ಕರ್ತೃತ್ವವೆಲ್ಲಿಯದು? ಇದೇ ಪೂರ್ವಪಕ್ಷ. ಕವಿ ಮಾಯಕೋವ್‌ಸ್ಕಿಯು ಅದೇ ವರ್ಷ ಬಹಿರಂಗವಾಗಿಯೇ ಈ ಧೋರಣೆಯನ್ನು ಖಂಡಿಸಿ ಆಕೆಯ ಪಕ್ಷವನ್ನು ಹಿಡಿದನು.

ಪೂರ್ವಪಕ್ಷಕ್ಕೆ ಉತ್ತರವನ್ನು ಹೇಳುವುದಕ್ಕೆ ಮೊದಲು, ಈ ಮಹಿಳೆಯು ಕತ್ತರಿಯನ್ನು ಕೈಗೆತ್ತಿಕೊಂಡ ಬಗೆಯನ್ನು ವಾಚಕರು ತಿಳಿಯುವುದೊಳ್ಳೆಯದು. ಆಕೆಯು ಹುಟ್ಟಿದ್ದು 1894ರಲ್ಲಿ, ರಷ್ಯಾ ದೇಶದ ಸುರಾಜ್ ಎಂಬ ಊರಿನಲ್ಲಿ. ಮಾಸ್ಕೋ ನಗರಕ್ಕೆ ಬಂದು ಸಾಹಿತ್ಯವನ್ನು ವ್ಯಾಸಂಗಮಾಡಿದಳು. ಕ್ರಾಂತಿಯಾದ ಮೇಲೆ ವಿದ್ಯಾಖಾತೆಯ ನಾಟಕವಿಭಾಗದಲ್ಲಿ, ಪ್ರಖ್ಯಾತನಾದ ಮೆಯರ್‌ಹೋಲ್ಡನ ಕೈಕೆಳಗೆ ಕೆಲಸಕ್ಕಿದ್ದಳು. 1922ರಲ್ಲಿ ಗೋಸ್‌ಕಿನೋ ಸಂಸ್ಥೆಯನ್ನು ಸೇರಿದಳು. ಅಲ್ಲಿ ಆಕೆಗೆ ದೊರೆತದ್ದು ಗೌರವದ ಉದ್ಯೋಗವೇನೂ ಅಲ್ಲ. ಜರ್ಮನಿ, ಅಮೆರಿಕ ಮೊದಲಾದ ದೇಶಗಳಿಂದ ಬಂದ ಕಥಾಚಿತ್ರಗಳನ್ನು ಸೋವಿಯೆತ್ ಪ್ರೇಕ್ಷಕರಿಗೆ ಒಗ್ಗುವಂತೆ ಕತ್ತರಿಸಿ, ಕ್ರಮವನ್ನು ಬದಲಿಸಿ, ಹೊಸ ಬರಹಗಳನ್ನು ಸೇರಿಸಿ ಕಳುಹಿಸುವುದೇ ಆಕೆಯ ಕೆಲಸ. ಹೀಗೆ ಆಕೆಯ ಕೈಯಲ್ಲಿ ಹಾದುಹೋದ ಪರದೇಶದ ಚಿತ್ರಗಳು ಸುಮಾರು 200. ಫ್ರಿಟ್ಸ್ ಲ್ಯಾಂಗನು 1922ರಲ್ಲಿ ಎರಡು ಭಾಗಗಳಾಗಿ ನಿರ್ಮಿಸಿದ "ಡಾಕ್ಟರ್ ಮಬೂಸೆ"ಯನ್ನು 1924ರಲ್ಲಿ ಮೊಟಕುಮಾಡಿ ಬೇರೊಂದು ರೂಪಕ್ಕೆ ತಂದಾಗ ಆಕೆಯ ಪಕ್ಕದಲ್ಲಿ ಕುಳಿತು ಕೆಲಸವನ್ನು ಕಲಿತ ತರುಣನು ಸೆರ್ಗೈ ಐಸೆನ್‌ಸ್ಟೈನ್. ಮರುವರ್ಷವೇ "ಪೊಟೆಮ್ಕಿನ್ ಯುದ್ಧನೌಕೆ"ಯನ್ನು ತೆಗೆದು ಜಗತ್ತಿನಲ್ಲೆಲ್ಲ ಹೆಸರಾದವನು ಅವನೇ. ಶಿಷ್ಯನ ಕರ್ತೃತ್ವವನ್ನು ಯಾರೂ ಪ್ರಶ್ನಿಸಲಿಲ್ಲ. ಕತ್ತರಿಯನ್ನು ಹಿಡಿಯುವುದನ್ನು ತೋರಿಸಿಕೊಟ್ಟವಳ ಕರ್ತೃತ್ವವು ಮಾತ್ರ ಪ್ರಶ್ನೆಗೆ ಸಿಕ್ಕಿತು!

ಆ ಕಾಲದ ಈ ಕೆಲಸವು ಒಂದು ದೃಷ್ಟಿಯಿಂದ ನಿಂದ್ಯವೇ ಸರಿ. ಅನ್ಯನ ಕೃತಿಯನ್ನು ಅವನ ಅನುಮತಿಯಿಲ್ಲದೆ ತಿದ್ದುವುದು ಸಾಹಿತ್ಯದಲ್ಲಾದರೆ ಪಾಠದ್ರೋಹವೆನಿಸುತ್ತದೆ. ಇದನ್ನು ಮುಚ್ಚಿಡಬೇಕಾದುದಿಲ್ಲ. ಆದರೆ ಆ ಕೆಲಸದಿಂದ ಶುಬ್ ಕಲಿತದ್ದೊಂದುಂಟು. ನಗುತ್ತಿರುವ ಒಬ್ಬ ಮನುಷ್ಯನ ಮುಖವನ್ನು ಮಗುವಿನ ಚಿತ್ರದ ಪಕ್ಕದಲ್ಲಿಟ್ಟರೆ ಅವನು ದಯಾಳು; ಅದೇ ಮುಖವನ್ನು ಹೆಣದ ಚಿತ್ರದ ಪಕ್ಕದಲ್ಲಿಟ್ಟರೆ ಅವನು ರಾಕ್ಷಸ. ಮುಖವು ಬದಲಾಗಲಿಲ್ಲ; ನೆರೆಯು ಬದಲಾಯಿತು. ನೆರೆಯನ್ನು ಗೊತ್ತುಮಾಡುವವನೇ ಅರ್ಥವನ್ನು ಗೊತ್ತುಮಾಡುವನೆಂಬ ತತ್ತ್ವವನ್ನು 200 ಚಿತ್ರಗಳ ಮೇಲೆ ಕೈಪಳಗಿಸಿ ಆಕೆಯು ಸಂಪಾದಿಸಿದಳು.

ತರುವಾಯ 1926ರಲ್ಲಿ ಆಕೆಯು ಲೆನಿನ್‌ಗ್ರಾಡಿಗೆ, ಎಂದರೆ ಇಂದಿನ ಸೇಂಟ್ ಪೀಟರ್ಸ್‌ಬರ್ಗಿಗೆ, ಹೊರಟಳು. ಚಕ್ರವರ್ತಿಯ ಕಾಲದ ವಾರ್ತಾಚಿತ್ರಗಳೂ, ಅರಮನೆಯವರು ತಮ್ಮ ವಿನೋದಕ್ಕೆಂದು ತೆಗೆಯಿಸಿಕೊಂಡ ಚಿತ್ರಗಳೂ ಅಲ್ಲಿ ತೇವವಾದ ನೆಲಮಾಳಿಗೆಯಲ್ಲಿ ಡಬ್ಬಿಗಳೊಳಗೆ ಬಿದ್ದಿದ್ದುವು. ಆ ಕಾಲದ ಫಿಲ್ಮು ನೈಟ್ರೇಟಿನದು. ಕಿಡಿ ಸೋಕಿದರೆ ಉರಿದುಹೋಗುವುದು, ಉರಿಯದಿದ್ದರೂ ತನ್ನಷ್ಟಕ್ಕೆ ತಾನೇ ಕೊಳೆತು ಜಿಗುಟಾಗಿ, ಕಡೆಗೆ ಪುಡಿಯಾಗುವುದು. ಯಾವ ಡಬ್ಬಿಯಲ್ಲೇನಿದೆಯೆಂಬುದಕ್ಕೆ ಸರಿಯಾದ ಪಟ್ಟಿಯಿರಲಿಲ್ಲ. ಎರಡು ತಿಂಗಳಿನಲ್ಲಿ ಆಕೆಯು 60,000 ಮೀಟರುಗಳಷ್ಟು ಫಿಲ್ಮನ್ನು ನೋಡಿದಳು. ಒಂದು ಮೀಟರಿಗೆ 52 ಬಿಡಿಚಿತ್ರಗಳಂತೆ ಲೆಕ್ಕ ಹಾಕಿದರೆ ಅವು 31 ಲಕ್ಷವನ್ನು ಮೀರುತ್ತವೆ. ಅಷ್ಟರಲ್ಲಿ 5,200 ಮೀಟರುಗಳನ್ನು ಆರಿಸಿ ಮಾಸ್ಕೋಗೆ ತಂದಳು. ಕಟ್ಟಕಡೆಯ ಚಿತ್ರದಲ್ಲಿ ಅದರಲ್ಲಿಯೂ ಒಂದು ಭಾಗವೇ ಉಳಿಯಿತು. ಹೂವಿನ ಸಹವಾಸದಿಂದ ನಾರೂ ಸ್ವರ್ಗಕ್ಕೆ ಹೋಯಿತೆಂದು ಗಾದೆ. ಇಲ್ಲಿಯಾದರೋ ಹೂವು ನೆಲಮಾಳಿಗೆಯಲ್ಲಿ ಕೊಳೆಯುತ್ತಿದ್ದಿತು. ನಾರು ಹೋಗಿ ಅದನ್ನು ಎತ್ತಿಕೊಂಡು ಬಂದಿತು.

"ಹುಡುಕಿದ್ದು ಶ್ರಮವೇ ಹೊರತು ಸೃಷ್ಟಿಯಲ್ಲ" ಎಂದು ಪೂರ್ವಪಕ್ಷಿಯು ಹೇಳಬಹುದು. ಆಗಲಿ, ಚಿತ್ರದೊಳಕ್ಕೇ ಹೋಗಿ ನೋಡೋಣವಾಗಲಿ. ಹಡಗಿನ ಅಟ್ಟದ ಮೇಲೆ ಅರಮನೆಯ ಪರಿವಾರದವರೂ ಅಧಿಕಾರಿಗಳೂ ಜೋಡಿಜೋಡಿಯಾಗಿ ಕುಣಿಯುತ್ತಾರೆ. ಅವರ ಮುಖದಲ್ಲಿ ಸಂತೋಷ, ಉಡುಪಿನಲ್ಲಿ ಬಿಳುಪು. ಅನಂತರ ಬೆವರಿನ ಮಾತನ್ನೆತ್ತುವ ಒಂದು ಚಿಕ್ಕ ಬರಹ. ಅದರ ಬೆನ್ನಿಗೆ, ಮಣ್ಣನ್ನಗೆಯುತ್ತ ಬೆವರಿಳಿಸುತ್ತಿರುವ ರೈತರು. ಕುಣಿತದ ಚಿತ್ರವನ್ನು ಹಿಡಿದವನಿಗೆ ರೈತರ ನೆನಪೇ ಇದ್ದಿರಲಾರದು. ಅವನು ಹಿಡಿದದ್ದು ಪ್ರಭುಗಳ ಸಂತೋಷಕ್ಕಾಗಿ. ಅಗೆತದ ಚಿತ್ರವನ್ನು ಹಿಡಿದವನಿಗೂ ಹಡಗಿನ ಗೊಡವೆಯಿರಲಿಲ್ಲ. ಹಾಗಾದರೆ ಪ್ರೇಕ್ಷಕನ ಮನಸ್ಸಿನಲ್ಲಿ ಥಟ್ಟನೆ ಮೂಡುವ ಆ ಮೂರನೆಯ ಅರ್ಥವು, ಈ ಕುಣಿತಕ್ಕೆ ಬೆಲೆ ತೆತ್ತವರು ಇವರೆಂಬ ಅರ್ಥವು, ಯಾರ ಸೃಷ್ಟಿ? ಮೊದಲನೆಯ ತುಂಡಿನಲ್ಲಿ ಅದಿಲ್ಲ. ಎರಡನೆಯದರಲ್ಲಿಯೂ ಇಲ್ಲ. ಎರಡರ ನಡುವಣ ಅಂಟಿನಲ್ಲಿದೆ. ಆ ಅಂಟನ್ನು ಹಚ್ಚಿದ ಕೈ ಶುಬ್ ಎಂಬವಳದು.

ತರ್ಕಶಾಸ್ತ್ರವನ್ನು ಓದಿದವರಿಗೆ ಇದು ಹೊಸ ವಿಷಯವಲ್ಲ. ಪದಗಳಿಂದ ವಾಕ್ಯಾರ್ಥವು ಹುಟ್ಟಬೇಕಾದರೆ ಆಕಾಂಕ್ಷೆ, ಯೋಗ್ಯತೆ, ಸನ್ನಿಧಿ ಎಂಬ ಮೂರು ಬೇಕೆಂದು ನೈಯಾಯಿಕರು ಹೇಳಿರುವರು. ಒಂದು ಪದವು ಮತ್ತೊಂದನ್ನು ಬಯಸಬೇಕು; ಅವೆರಡರ ಅರ್ಥಗಳು ಕೂಡಲು ತಕ್ಕವಾಗಿರಬೇಕು; ಅವು ತಡವಿಲ್ಲದೆ ಒಂದರ ಬಳಿಯಲ್ಲೊಂದು ಬರಬೇಕು. ಚಲಚ್ಚಿತ್ರದ ಒಂದೊಂದು ತುಂಡೂ ಒಂದೊಂದು ಪದದಂತೆ. ಕುಣಿತವನ್ನು ಕಂಡಾಗ "ಇದು ಯಾರ ವೆಚ್ಚದಲ್ಲಿ?" ಎಂಬ ಆಕಾಂಕ್ಷೆಯನ್ನು ಹುಟ್ಟಿಸಿದ್ದು, ಒಂದೇ ದೇಶದ ಒಂದೇ ಆಳ್ವಿಕೆಯ ಎರಡು ಸ್ಥಿತಿಗಳನ್ನು ಯೋಗ್ಯತೆ ನೋಡಿ ಆಯ್ದದ್ದು, ಬೇರೆಬೇರೆ ಡಬ್ಬಿಗಳಲ್ಲಿದ್ದವನ್ನು ತಂದು ಸನ್ನಿಧಿಯಲ್ಲಿರಿಸಿದ್ದು, ಈ ಮೂರೂ ಒಬ್ಬಳ ಬುದ್ಧಿಯ ವ್ಯಾಪಾರ. ಪದಗಳು ತನಗಿಂತ ಮೊದಲೇ ಇದ್ದುವೆಂಬ ಕಾರಣದಿಂದ ಯಾವ ಕವಿಯ ಕರ್ತೃತ್ವವನ್ನೂ ಯಾರೂ ನಿರಾಕರಿಸಿಲ್ಲ. ಹಾಗೆ ನಿರಾಕರಿಸಹೊರಟರೆ ಕೋಶವನ್ನು ಬರೆದವನೊಬ್ಬನನ್ನು ಬಿಟ್ಟು ಮಿಕ್ಕ ಗ್ರಂಥಕರ್ತರೆಲ್ಲರೂ ಬೀದಿಪಾಲಾಗಬೇಕಾದೀತು. ಅವನೂ ಉಳಿಯುವನೋ ಇಲ್ಲವೋ!

ಕನ್ನಡ ವಾಚಕರಿಗಂತೂ ಈ ಮಾತು ಬೇಗನೆ ಮನವರಿಕೆಯಾಗಬೇಕು. ಶೂನ್ಯಸಂಪಾದನೆಯಲ್ಲಿರುವ ವಚನಗಳು ಅಲ್ಲಮಪ್ರಭು, ಬಸವಣ್ಣ, ಅಕ್ಕಮಹಾದೇವಿ ಮೊದಲಾದ ಹನ್ನೆರಡನೆಯ ಶತಮಾನದ ಶರಣರವು. ಅವನ್ನು ಸಂವಾದವಾಗುವಂತೆ ಅನುಕ್ರಮಗೊಳಿಸಿ, ನಡುವೆ ಗದ್ಯದ ಸೇತುವೆಗಳನ್ನು ಕಟ್ಟಿದವನು ಹದಿನೈದನೆಯ ಶತಮಾನದ ಶಿವಗಣಪ್ರಸಾದಿ ಮಹಾದೇವಯ್ಯ. ಅನಂತರ ಹಲಗೆಯಾರ್ಯ, ಗುಮ್ಮಳಾಪುರದ ಸಿದ್ಧಲಿಂಗಯತಿ, ಗೂಳೂರ ಸಿದ್ಧವೀರಣಾರ್ಯ ಇವರು ಅದನ್ನು ತಮ್ಮತಮ್ಮ ದೃಷ್ಟಿಗೆ ಅನುಸಾರವಾಗಿ ಮತ್ತೆ ಸಂಪಾದಿಸಿದರು. ವಚನಗಳು ಅವರವಲ್ಲವೆಂದು ಅವರ ಹೆಸರುಗಳನ್ನು ಯಾರೂ ಅಳಿಸಲಿಲ್ಲ. ಅವರ ಹೆಸರುಗಳಿರುವುದರಿಂದಲೇ, ನಾಲ್ಕು ಸಂಪಾದನೆಗಳಲ್ಲಿ ಯಾವುದು ಯಾರ ದೃಷ್ಟಿಯೆಂದು ವಿದ್ವಾಂಸರು ಬೇರ್ಪಡಿಸಿ ವಿಚಾರಮಾಡಲು ಸಾಧ್ಯವಾಗಿದೆ. ಇನ್ನು ವೇದಗಳನ್ನು ವಿಭಾಗಿಸಿದನೆಂಬ ಕಾರಣಕ್ಕಾಗಿಯೇ ಕೃಷ್ಣದ್ವೈಪಾಯನನಿಗೆ ವೇದವ್ಯಾಸನೆಂಬ ಹೆಸರು ಬಂದುದನ್ನು ಎಲ್ಲರೂ ಬಲ್ಲರು.

ಈಗ ಎರಡನೆಯ ಆಕ್ಷೇಪಣೆ. ಇದು ಮೊದಲನೆಯದಕ್ಕಿಂತ ಬಲವಾದುದು. "ಶುಬ್ ಮಾಡಿದ್ದು ಸರಕಾರದ ಪ್ರಚಾರ. ಅಧಿಕಾರಕ್ಕೆ ಬಂದವರು ಸೋತವರ ಕಥೆಯನ್ನು ಹೇಳಿಸಿದರು, ಆಕೆ ಹೇಳಿದಳು. ಇದರಲ್ಲಿ ಹೊಗಳತಕ್ಕದ್ದೇನು?" ಎಂಬುದು ಇದರ ಸ್ವರೂಪ. ಈ ಆಕ್ಷೇಪಣೆಯಲ್ಲಿ ಸತ್ಯಾಂಶವಿದೆ. "ರೊಮಾನೊವ್ ವಂಶದ ಪತನ"ವೂ, ಅದೇ ವರ್ಷದ "ಮಹಾಪಥ"ವೂ ಕ್ರಾಂತಿಯ ದಶವಾರ್ಷಿಕೋತ್ಸವಗಳಿಗಾಗಿ ಸಿದ್ಧವಾದ ಚಿತ್ರಗಳು. ಕುಣಿತವನ್ನೂ ಅಗೆತವನ್ನೂ ಒಂದೆಡೆ ಸೇರಿಸಿದ್ದು ಕಾಲವಲ್ಲ, ದೇಶವಲ್ಲ, ಆಕೆಯ ಸಂಕಲ್ಪ. ಪ್ರಭುಗಳನ್ನು ಹೊಗಳಲೆಂದು ಹಿಡಿದ ಚಿತ್ರವನ್ನೇ ಅವರ ಮೇಲೆ ಸಾಕ್ಷಿಯಾಗಿ ನಿಲ್ಲಿಸುವ ಶಕ್ತಿಯು ಆಕೆಗಿದ್ದಿತೆಂದ ಮೇಲೆ, ಆ ಶಕ್ತಿಯನ್ನು ಅನ್ಯಾಯಕ್ಕೂ ಬಳಸಬಹುದೆಂಬುದರಲ್ಲಿ ಸಂದೇಹವಿಲ್ಲ.

ಆದರೆ ಪೂರ್ವಪಕ್ಷಿಯು ಇಲ್ಲಿ ತಾನೇ ತೋಡಿದ ಹಳ್ಳಕ್ಕೆ ಬೀಳುತ್ತಾನೆಂಬುದನ್ನು ವಾಚಕರು ಗಮನಿಸಬೇಕು. ಶುಬ್ ಬರಿಯ ಅಂಟಿಸುವವಳಾಗಿದ್ದರೆ ಪ್ರಚಾರದ ದೋಷವು ಆಕೆಗೆ ತಗಲುವುದೆಂತು? ತಪ್ಪಿಗೆ ಹೊಣೆಯಾಗುವಷ್ಟು ಕರ್ತೃತ್ವವುಂಟು, ಹಕ್ಕಿಗೆ ಅರ್ಹವಾಗುವಷ್ಟು ಇಲ್ಲವೆನ್ನುವುದು ಯಾವ ಶಾಸ್ತ್ರ? ಕರ್ತೃವೆಂದರೆ ಕೀರ್ತಿಯನ್ನು ಹೊರುವವನು ಮಾತ್ರವಲ್ಲ; ಅಪಕೀರ್ತಿಯನ್ನೂ ಹೊರುವವನು. ಹೆಸರನ್ನು ಕೊಡದಿದ್ದರೆ ಆಕೆಗಾಗುವ ನಷ್ಟವು ಅಲ್ಪ. ಪ್ರೇಕ್ಷಕನಿಗಾಗುವ ನಷ್ಟವು ದೊಡ್ಡದು. ಏಕೆಂದರೆ ಜೋಡಿಸಿದವನ ಹೆಸರಿಲ್ಲದ ಚಿತ್ರವು ತನ್ನನ್ನು ತಾನೇ ಸತ್ಯವೆಂದು ಕರೆದುಕೊಳ್ಳುತ್ತದೆ. ಅದು ಯಾರ ಮಾತೂ ಅಲ್ಲ, ಪ್ರಪಂಚವೇ ಹಾಗಿದೆ ಎಂಬ ಭ್ರಾಂತಿಯನ್ನು ಹುಟ್ಟಿಸುತ್ತದೆ. ಕರ್ತೃವಿನ ಹೆಸರಿದ್ದರೆ, ಇದು ಒಬ್ಬಳ ಹೇಳಿಕೆ, ಪರೀಕ್ಷಿಸಿ ನೋಡತಕ್ಕದ್ದು ಎಂಬ ಎಚ್ಚರವು ಮೂಡುತ್ತದೆ. ಸಹಿಯಿಲ್ಲದ ಸಾಕ್ಷಿಯನ್ನು ನ್ಯಾಯಾಧೀಶನು ಒಪ್ಪುವನೇ?

ಈ ಪರೀಕ್ಷೆಗೆ ಶುಬ್ ತಾನಾಗಿಯೇ ಅವಕಾಶ ಮಾಡಿಕೊಟ್ಟಳೆಂಬುದು ಆಕೆಯ ಹಿರಿಮೆ. ಅವಳ ಕಾಲದ ಇತರರು ತುಂಡುಗಳನ್ನು ಕಣ್ಣುಮಿಟುಕಿಸುವಷ್ಟರಲ್ಲಿ ಓಡಿಸಿ ಪ್ರೇಕ್ಷಕನನ್ನು ಬೆರಗುಗೊಳಿಸುತ್ತಿದ್ದರೆ, ಆಕೆಯು ಹಳೆಯ ಚಿತ್ರಗಳನ್ನು ಸಾವಕಾಶವಾಗಿ, ನೋಡುವವನು ನೋಡಿ ವಿಚಾರಿಸುವಷ್ಟು ಹೊತ್ತು ತೆರೆಯ ಮೇಲೆ ನಿಲ್ಲಿಸಿದಳು. 1926ರಲ್ಲಿಯೇ ವಿಮರ್ಶಕನಾದ ಶ್ಕ್ಲೊವ್‌ಸ್ಕಿಯು ಝೀಗಾ ವೆರ್ತೋವನ ಚಿತ್ರಗಳನ್ನು ಕುರಿತು, ಅವುಗಳಲ್ಲಿನ ವಾರ್ತಾಚಿತ್ರಗಳಿಗೆ ಸ್ಥಳವೂ ಕಾಲವೂ ಇಲ್ಲದೆ ಹೋಗಿವೆಯೆಂದು ದೂರಿದ್ದನು. ಶುಬ್ ಎಂಬವಳ ಚಿತ್ರಗಳಲ್ಲಾದರೋ ಹಳೆಯ ತುಂಡು ಹಳೆಯ ತುಂಡಾಗಿಯೇ, ದಾಖಲೆಯ ಗೌರವದೊಡನೆ ಉಳಿಯುತ್ತದೆ. ಆದುದರಿಂದಲೇ ಆಕೆಯ ಮತವನ್ನು ಒಪ್ಪದವನೂ ಆಕೆಯ ಚಿತ್ರದಲ್ಲಿ ತನ್ನ ಕಣ್ಣಿನಿಂದಲೇ ಚಕ್ರವರ್ತಿಯ ಕಾಲವನ್ನು ನೋಡಬಹುದು.

ಆಕೆಯು ಹಳೆಯ ಡಬ್ಬಿಗಳಿಗೇ ಕಟ್ಟುಬಿದ್ದವಳೂ ಅಲ್ಲ. ಟಾಲ್‌ಸ್ಟಾಯ್ ಹುಟ್ಟಿ ನೂರು ವರ್ಷ ತುಂಬಿದ 1928ರಲ್ಲಿ "ಎರಡನೆಯ ನಿಕೋಲಾಸನ ಮತ್ತು ಲಿಯೋ ಟಾಲ್‌ಸ್ಟಾಯನ ರಷ್ಯಾ" ಎಂಬ ಚಿತ್ರವನ್ನು ಕಟ್ಟಿದಳು. ಆ ಮಹಾಪುರುಷನದೇ ಆದ ಚಿತ್ರಗಳು ಸಿಕ್ಕಿದ್ದು ಅತ್ಯಲ್ಪ. ಸುತ್ತಣ ದೇಶದ ಚಿತ್ರಗಳಿಂದಲೇ ಅವನ ಕಾಲವನ್ನು ನಿಲ್ಲಿಸಬೇಕಾಯಿತು. 1932ರಲ್ಲಿ, ಧ್ವನಿಯು ಚಿತ್ರಕ್ಕೆ ಹೊಸದಾಗಿ ಕೂಡಿಕೊಂಡಾಗ, ವಿದ್ಯುತ್ತಿನ ಕಾಮಗಾರಿಗಳಲ್ಲಿ ದುಡಿಯುವ ತರುಣರನ್ನು ಕುರಿತು ಆಕೆಯು ನಿರ್ದೇಶಿಸಿದ ಚಿತ್ರದಲ್ಲಿ ಚಿತ್ರಗಳೂ ಧ್ವನಿಯೂ ಹೊಸದಾಗಿ ಆಕೆಗಾಗಿಯೇ ಹಿಡಿದವು. ಜನರು ಮೈಕಿನ ಮುಂದೆ ತಮ್ಮ ಸ್ವಂತ ಮಾತಿನಲ್ಲಿಯೇ ಆಡುವರು. ಕ್ಯಾಮರಾ, ದೀಪ, ಮೈಕುಗಳನ್ನೂ ಆಕೆ ಮರೆಮಾಡಲಿಲ್ಲ. ಚಿತ್ರವನ್ನು ಯಾರೋ ತೆಗೆಯುತ್ತಿರುವರೆಂಬ ಸತ್ಯವನ್ನು ಚಿತ್ರದೊಳಗೇ ತೋರಿಸುವ ಧೈರ್ಯವಿದು. ಹೆಂಗಸರ ಬಾಳನ್ನು ಕುರಿತು ಆಕೆ ಬರೆದಿಟ್ಟ ಯೋಜನೆಯು ಚಿತ್ರವಾಗಲೇ ಇಲ್ಲ. ರೋಮನ್ ಕಾರ್ಮೆನ್, ಬೋರಿಸ್ ಮಕಸೇಯೆವ್ ಎಂಬಿಬ್ಬರು ಸ್ಪೇನಿನ ಅಂತರ್ಯುದ್ಧದಲ್ಲಿ ಪ್ರಾಣದ ಹಂಗನ್ನು ತೊರೆದು ಹಿಡಿದ ಚಿತ್ರಗಳನ್ನು ಆಧರಿಸಿ "ಸ್ಪೇನ್" ಎಂಬ ಚಿತ್ರವನ್ನು 1939ರಲ್ಲಿ ಮುಗಿಸಿದಳು. 1940ರಲ್ಲಿ ಪುದೋವ್‌ಕಿನನೊಡನೆ ಸೋವಿಯೆತ್ ಚಲಚ್ಚಿತ್ರದ ಇಪ್ಪತ್ತು ವರ್ಷಗಳ ಚರಿತ್ರೆಯನ್ನು ಚಿತ್ರರೂಪದಲ್ಲಿಯೇ ಹೇಳಿದಳು. 1942ರಿಂದ ವಾರ್ತಾಚಿತ್ರಗಳ ಮುಖ್ಯಸಂಪಾದಕತ್ವವನ್ನು ವಹಿಸಿದಳು. 1959ರಲ್ಲಿ ಆಕೆಯ ನೆನಪುಗಳ ಗ್ರಂಥವು ಪ್ರಕಟವಾಯಿತು. ಅದೇ ವರ್ಷ ಸೆಪ್ಟೆಂಬರಿನಲ್ಲಿ ಆಕೆ ತೀರಿಕೊಂಡಳು. ಇಷ್ಟನ್ನೂ ಮಾಡಿದವಳನ್ನು ಅಂಟಿಸುವವಳೆಂದು ಕರೆಯುವವರು ಶಿಲ್ಪಿಯನ್ನು ಕಲ್ಲುಕುಟಿಗನೆಂದು ಕರೆದು ತೃಪ್ತರಾಗಬಹುದು.

ಈ ಅನ್ಯಾಯವು ಒಬ್ಬಳಿಗೆ ಮಾತ್ರ ಆದುದಲ್ಲ. ವೆರ್ತೋವನು 1929ರಲ್ಲಿ ಹೊರತಂದ "ಕ್ಯಾಮರಾ ಹಿಡಿದ ಮನುಷ್ಯ" ಎಂಬ ಚಿತ್ರವನ್ನು ಜಗತ್ತೆಲ್ಲವೂ ಅವನ ಹೆಸರಿನಿಂದಲೇ ಬಲ್ಲುದು. ಅದನ್ನು ಸಂಕಲನಮಾಡಿದವಳು ಅವನ ಪತ್ನಿ ಯೆಲಿಜವೇತಾ ಸ್ವಿಲೋವಾ. ಆಕೆಯು ಮೇಜಿನ ಮುಂದೆ ಕುಳಿತು ಫಿಲ್ಮನ್ನು ಕತ್ತರಿಸಿ ಅಂಟಿಸುವ ದೃಶ್ಯವು ಆ ಚಿತ್ರದಲ್ಲಿಯೇ ಇದೆ. ಕಣ್ಣಿಗೆ ಕಂಡರೂ ಪ್ರೇಕ್ಷಕರ ನೆನಪಿಗೆ ಆಕೆ ಬರುವುದಿಲ್ಲ. ಇದಕ್ಕೆ ಪ್ರತಿಯಾಗಿ ಸರಿಯಾದ ಮಾರ್ಗವೂ ಉಂಟು. ಯುದ್ಧಕಾಲದಲ್ಲಿ, 1942ರಲ್ಲಿ, ಇಂಗ್ಲೆಂಡಿನಲ್ಲಿ ತಯಾರಾದ "ಬ್ರಿಟನ್ನನ್ನು ಆಲಿಸಿರಿ" ಎಂಬ ಸಾಕ್ಷ್ಯಚಿತ್ರದಲ್ಲಿ, ನಿರ್ದೇಶನವೂ ಸಂಕಲನವೂ ಹಂಫ್ರಿ ಜೆನಿಂಗ್ಸ್ ಮತ್ತು ಸ್ಟೂಅರ್ಟ್ ಮೆಕ್‌ಆಲಿಸ್ಟರ್ ಇಬ್ಬರದೆಂದು ಒಂದೇ ಸಾಲಿನಲ್ಲಿ ಬರೆಯಲ್ಪಟ್ಟಿದೆ. ಹಾಗೆ ಬರೆದುದರಿಂದ ಜೆನಿಂಗ್ಸನ ಕೀರ್ತಿಯು ಕಡಮೆಯಾಗಲಿಲ್ಲ.

ಇದೆಲ್ಲವೂ ದೂರದೇಶದ ಹಳೆಯ ಜಗಳವೆಂದು ಯಾರೂ ಸುಮ್ಮನಿರಲಾಗದು. ಇಂದು ಕತ್ತರಿಯೂ ಅಂಟೂ ಮನೆಮನೆಯ ಮೊಬೈಲಿನೊಳಗೆ ಸೇರಿವೆ. ಎಲ್ಲಿಯೋ ಎಂದೋ ನಡೆದ ಗಲಭೆಯ ತುಣುಕಿಗೆ ಇನ್ನೆಲ್ಲಿಯದೋ ಅಳುವನ್ನು ಹೊಂದಿಸಿ, ನಿನ್ನೆ ಇಲ್ಲಿಯೇ ನಡೆದುದೆಂಬಂತೆ ಊರಿಗೆಲ್ಲ ಹಂಚುವುದು ನಿಮಿಷದ ಕೆಲಸ. ಇಲ್ಲಿ ಆಕಾಂಕ್ಷೆಯಿದೆ, ಸನ್ನಿಧಿಯಿದೆ, ಯೋಗ್ಯತೆಯೊಂದಿಲ್ಲ. ಆದರೂ ವಾಕ್ಯವು ಅರ್ಥಕೊಟ್ಟಂತೆಯೇ ತೋರುವುದು, ಓದು ಬಲ್ಲವರೂ ಅದನ್ನು ನಂಬಿ ಮುಂದಕ್ಕೆ ಕಳುಹಿಸುವರು. "ಕಣ್ಣಾರೆ ಕಂಡೆ" ಎಂಬುದೇ ಅವರ ಪ್ರಮಾಣ. ಅವರು ಕಂಡದ್ದು ಮತ್ತೊಬ್ಬನು ಜೋಡಿಸಿದ್ದನ್ನು. ಜೋಡಣೆಯು ಕರ್ತೃತ್ವವಲ್ಲವೆಂದು ಯಾವ ಕಾಲದಲ್ಲಿ ಒಪ್ಪಿದರೋ ಆ ಕಾಲದಲ್ಲಿಯೇ ಈ ಹೆಸರಿಲ್ಲದ ಸುಳ್ಳಿಗೆ ಬಾಗಿಲನ್ನು ತೆರೆದಂತಾಯಿತು.

ಆದುದರಿಂದ ಪ್ರತಿಯೊಂದು ಸಾಕ್ಷ್ಯಚಿತ್ರದ ಮುಂದೆಯೂ ಗೃಹಸ್ಥರು ಎರಡು ಪ್ರಶ್ನೆಗಳನ್ನು ಕೇಳುವುದನ್ನು ಅಭ್ಯಾಸಮಾಡಿಕೊಳ್ಳಬೇಕು, ಮಕ್ಕಳಿಗೂ ಕಲಿಸಬೇಕು: ಹಿಡಿದವರಾರು? ಜೋಡಿಸಿದವರಾರು? ಮೊದಲನೆಯ ಪ್ರಶ್ನೆಯೊಂದೇ ಸಾಲದು. ಎರಡನೆಯದಕ್ಕೆ ಉತ್ತರವಿಲ್ಲದ ಚಿತ್ರವನ್ನು ವಿಳಾಸವಿಲ್ಲದ ಕಾಗದದಂತೆ ಬದಿಗಿಡುವುದೇ ವಿವೇಕ. ಎಸ್ಫಿರ್ ಶುಬ್ ತನ್ನ ಹೆಸರನ್ನು ಕೇಳಿದಾಗ, ಜೋಡಿಸಿದ್ದಕ್ಕೆ ತಾನು ಹೊಣೆಯೆಂದು ಒಪ್ಪಿಕೊಂಡಂತಾಯಿತು. ಅದನ್ನು ಕೊಡಲೊಲ್ಲದವರು ಒಬ್ಬ ಹೆಂಗಸಿನ ಹಕ್ಕನ್ನು ಮಾತ್ರ ತಡೆದೆವೆಂದು ತಿಳಿದರು. ಅವರು ತಡೆದದ್ದು ಪ್ರೇಕ್ಷಕರೆಲ್ಲರೂ ಕೇಳಬೇಕಾಗಿದ್ದ ಪ್ರಶ್ನೆಯನ್ನು.